ಬಿಸಿಯಾರದ ನಗಾರಿ

ಕೋಟೆಯ ಅಧಿಕಾರಿ ಖುನ್ ರಾತ್‌ಗೆ ಕಂಚು ಅಂದರೆ ಕಂಚು, ಅಷ್ಟೆ. ಅದು ಸುಗ್ಗಿಗೆ ಬಾರಿಸುವ ಕಂಚೋ, ಹೆಣದ ಮುಂದೆ ಬಾರಿಸುವ ಕಂಚೋ ಎಂಬ ವಿಚಾರ ಆ ಮನುಷ್ಯನ ತಲೆಗೆ ಕೊನೆಯವರೆಗೂ ಇಳಿಯಲಿಲ್ಲ. ಸಿಯಾಮಿನ ದೊರೆ ಅವನನ್ನು ಗಡಿ ಕಾಯಲು ನಮ್ಮ ಬೆಟ್ಟಗಳಿಗೆ ಕಳಿಸುವಾಗ ಬಂದೂಕು ಕೊಟ್ಟಿದ್ದ, ಆನೆ ಕೊಟ್ಟಿದ್ದ, ಉಪ್ಪುಮೀನಿನ ಜಾಡಿಗಳನ್ನು ಕೊಟ್ಟಿದ್ದ. ಇದ್ದವರನ್ನು ಒಂದು ಮಾತು ಕೇಳಿ ಕೆಲಸ ಮಾಡಬೇಕೆಂಬ ಬುದ್ಧಿಯನ್ನು ಮಾತ್ರ ಕೊಟ್ಟಿರಲಿಲ್ಲ. ಸತ್ತವರನ್ನು ಬೈಯಬಾರದು ಅನ್ನುತ್ತಾರೆ. ಅವನು ಸತ್ತನೋ ಇದ್ದಾನೋ ನನಗೆ ತಿಳಿಯದು, ಹಾಗಾಗಿ ಬೈಯುವುದಕ್ಕೆ ಅಡ್ಡಿಯಿಲ್ಲ.

ಅವನು ಬರುವ ಮೊದಲೂ ನಾವು ಸುದ್ದಿ ಕಳಿಸುತ್ತಿದ್ದೆವು. ಬಿದಿರಿನ ಸೀಳಿಗೆ ಕೋಳಿಗರಿ ಕಟ್ಟಿದ್ದರೆ ಓಡು ಎಂದರ್ಥ. ಒಣಮೆಣಸಿನಕಾಯಿ ಕಟ್ಟಿದ್ದರೆ ಶತ್ರು ಬರುತ್ತಿದ್ದಾನೆ. ಇದ್ದಿಲಿನ ಚೂರಿದ್ದರೆ ಆಗಲೇ ಒಂದು ಊರು ಸುಟ್ಟಿದೆ. ಆ ಸೀಳು ಯಾರ ಕೈಗೆ ಬಂತೋ ಅವರು ಹಿಡಿದ ಕೆಲಸ ಅಲ್ಲೇ ಬಿಟ್ಟು ಮುಂದಿನ ಊರಿಗೆ ಓಡಬೇಕು. ನಾನೂ ಹುಡುಗಿಯಾಗಿದ್ದಾಗ ಒಮ್ಮೆ ಓಡಿದ್ದೇನೆ, ಕೈಗೆ ಹತ್ತಿದ ಹಿಟ್ಟನ್ನು ತೊಳೆಯದೆ. ಖುನ್ ರಾತ್‌ಗೆ ಇದು ಸಾಲದಾಯಿತು. ಬರ್ಮಾದವರು ಕಣಿವೆಯಿಂದ ಇಳಿದರೆಂದರೆ ನಿಮ್ಮ ಮೆಣಸಿನಕಾಯಿಗಿಂತ ಮೊದಲು ಅವರೇ ಕೋಟೆ ಮುಟ್ಟುತ್ತಾರೆ ಎಂದು ರೇಗಿದ. ನಮ್ಮ ಕರೆನ್ ಜನರ ಊರುಗಳಲ್ಲಿ ಇದ್ದ ಕಂಚಿನ ನಗಾರಿಗಳನ್ನೆಲ್ಲ ಹೊರಿಸಿ ತರಿಸಿ, ಕಣಿವೆಯಿಂದ ಕೋಟೆಯವರೆಗೆ ಬೆಟ್ಟಕ್ಕೊಂದರಂತೆ ಇಡಿಸಿದ. ಒಂದು ಬೆಟ್ಟದಲ್ಲಿ ಬಾರಿಸಿದರೆ ಮುಂದಿನ ಬೆಟ್ಟಕ್ಕೆ ಕೇಳಬೇಕು, ಅದು ಬಾರಿಸಿದರೆ ಅದರ ಮುಂದಿನದಕ್ಕೆ. ಒಂದು ಮಡಕೆ ಅನ್ನ ಬೇಯುವುದರೊಳಗೆ ಸುದ್ದಿ ಕೋಟೆ ಸೇರುತ್ತಿತ್ತು. ದಾರಿಯಲ್ಲಿನ ಊರಿನವರು ಅದನ್ನು ಕೇಳಿದ ಕೂಡಲೇ ಮಕ್ಕಳನ್ನು ಎತ್ತಿಕೊಂಡು ಕಾಡು ಸೇರಬೇಕು. ಉಪಾಯ ಒಳ್ಳೆಯದೇ. ಇಲ್ಲ ಅನ್ನುವುದಿಲ್ಲ.

ಆದರೆ ನಗಾರಿಗಳಲ್ಲಿ ತಂಪಿನವು ಬೇರೆ, ಬಿಸಿಯವು ಬೇರೆ. ತಂಪಿನದನ್ನು ಮನೆಯೊಳಗೆ ಇಡಬಹುದು. ಮಳೆ ಕರೆಯಲು, ಸುಗ್ಗಿಗೆ, ಮದುವೆಗೆ ಬಾರಿಸಬಹುದು. ಬಿಸಿಯದು ಸತ್ತವರ ಸ್ವತ್ತು. ಅದು ಕಾಡಿನಲ್ಲಿ ಮರದ ಬುಡದಲ್ಲೇ ಇರಬೇಕು, ಸೂರಿನ ಕೆಳಗೆ ಬರಕೂಡದು. ಸತ್ತವರು ಆ ಸದ್ದಿನ ಕೈ ಹಿಡಿದು ದಾರಿ ನಡೆಯುತ್ತಾರೆ. ಹೆಣವಿಲ್ಲದೆ ಅದನ್ನು ಬಾರಿಸಿದರೆ, ಕೇಳಿದ ಬದುಕಿದವರ ಕೈಯನ್ನೇ ಅದು ಹಿಡಿಯುತ್ತದೆ. ತಂಪಿನ ನಗಾರಿಯನ್ನು ಹೆಣದ ಮುಂದೆ ಒಮ್ಮೆ ಬಾರಿಸಿದರೆ ಅದೂ ಬಿಸಿಯೇ. ಆಮೇಲೆ ಅದನ್ನು ಬಯಲಲ್ಲಿ ಬಿಡಬೇಕು. ಒಂದು ಮಳೆಗಾಲ ಪೂರ್ತಿ ಅದರ ಮೇಲೆ ಸುರಿದು ಹೋದ ಮೇಲಷ್ಟೇ ಅದು ಆರುವುದು. ನಮ್ಮ ತೀಖೋ ಊರಿನಲ್ಲಿ ಎರಡೂ ಇದ್ದವು. ಊರಿನ ಬಿಸಿ ನಗಾರಿಯನ್ನು ಖುನ್ ರಾತ್ ಕೋಟೆಗೇ ಒಯ್ದು, ಸಿಪಾಯಿಗಳನ್ನು ಊಟಕ್ಕೆ ಕರೆಯಲು ಬಾರಿಸತೊಡಗಿದ. ಇದು ಸತ್ತವರದ್ದು ಸ್ವಾಮಿ ಎಂದು ನಮ್ಮ ಹಿರಿಯರು ಹೇಳಿದ್ದಕ್ಕೆ, ಬದುಕಿದವರಿಗೂ ಹಸಿವಾಗುತ್ತದೆ ಎಂದು ನಕ್ಕನಂತೆ. ಆ ವರ್ಷ ಕೋಟೆಯಲ್ಲಿ ಜ್ವರಕ್ಕೆ ಎಷ್ಟು ಜನ ಸತ್ತರೆಂದು ಕೇಳಿದರೆ ಅವನ ನಗು ನಿಲ್ಲುತ್ತಿತ್ತು.

ತಂಪಿನದು ನಮ್ಮ ಮನೆಯದು, ಅಂದರೆ ನನ್ನ ಅವ್ವ ಮು ಪ್ಲೆಯದು. ಅವಳ ಅಜ್ಜಿಯ ಕಾಲದಿಂದ ಬಂದದ್ದು, ಮೇಲ್ಭಾಗದ ಅಂಚಿನಲ್ಲಿ ಕಂಚಿನ ಕಪ್ಪೆಗಳು ಕೂತಿರುವಂಥದ್ದು. ಅದನ್ನು ನಮ್ಮೂರ ನೆತ್ತಿಯ ಬೆಟ್ಟಕ್ಕೆ, ಕಣಿವೆಯ ಕಡೆಯಿಂದ ಸಾಲಿನ ಮೊದಲ ನಗಾರಿಯಾಗಿ, ಹೊರಿಸಿದರು. ಕಾಯಲು ಇಬ್ಬರನ್ನು ನೇಮಿಸಿದರು. ಒಬ್ಬ ನನ್ನ ಗಂಡ ಕು ತಾ. ಇನ್ನೊಬ್ಬ ಕೋಟೆಯ ಕಡೆಯ ಸಿಪಾಯಿ ನಾಯ್ ಸೋನ್, ಮೋನ್ ಜನದವನು, ನಾಲಿಗೆ ಉದ್ದ ಆದರೆ ಮನಸ್ಸು ಕೆಟ್ಟದಲ್ಲ. ಎತ್ತು ಈಯಿತು ಅಂದರೆ ಕೊಟ್ಟಿಗೆಗೆ ಕಟ್ಟು ಅನ್ನುವ ಮೇಲಿನವರ ಕೈಕೆಳಗೆ ದುಡಿದೂ ದುಡಿದೂ ಅವನಿಗೆ ಯಾವುದರ ಮೇಲೂ ಬೇಸರ ಉಳಿದಿರಲಿಲ್ಲ.

ಕು ತಾ ತಬ್ಬಲಿಯಾಗಿ ಬೆಳೆದವನು. ನಮ್ಮಲ್ಲಿ ಗಂಡು ಹೆಣ್ಣಿನ ಮನೆಗೆ ಬರುತ್ತಾನೆ. ಅವನು ನಮ್ಮ ಮನೆಗೆ ಬಂದಾಗ ಒಂದು ಕತ್ತಿ, ಒಂದು ಹೊದಿಕೆ ಬಿಟ್ಟರೆ ಏನೂ ತಂದಿರಲಿಲ್ಲ. ಅವ್ವ ಅವನನ್ನು ದಿನಾ ಕೆಣಕುತ್ತಿದ್ದಳು. ಅಳಿಯ ಬಂದ ಅಂತ ಹಂದಿ ಕೊಯ್ದೆ, ಹಂದಿಯಾದರೂ ಇದ್ದಿದ್ದರೆ ಮರಿ ಹಾಕುತ್ತಿತ್ತು ಅನ್ನುವಳು. ಅವನು ನಗುತ್ತ ಅವಳ ತಟ್ಟೆಯಿಂದಲೇ ಮೀನು ಎತ್ತಿಕೊಳ್ಳುವನು. ನಾನು ಹೊಟ್ಟೆಯಲ್ಲಿ ಹುಟ್ಟಿದವಳು, ನನ್ನ ಮೇಲೆ ಅವಳಿಗೆ ಅಷ್ಟು ಅಕ್ಕರೆ ಇರಲಿಲ್ಲ. ಹೊಟ್ಟೆಕಿಚ್ಚಾಗುತ್ತಿತ್ತು, ಸುಳ್ಳು ಯಾಕೆ ಹೇಳಲಿ.

ಮಳೆ ನಿಂತು ಭತ್ತ ಬಾಗುವ ಹೊತ್ತಿಗೆ ಅವ್ವ ಹಾಸಿಗೆ ಹಿಡಿದಳು. ತನ್ನ ಗಂಟು ಕಟ್ಟಿಯಾಗಿದೆ, ಹೊರಡುವುದೊಂದೇ ಬಾಕಿ ಎಂದು ಅವಳಿಗೇ ಗೊತ್ತಿತ್ತು. ಒಂದು ದಿನ ಬೆಟ್ಟದಿಂದ ಇಳಿದು ಬಂದ ಕು ತಾನನ್ನು ಹತ್ತಿರ ಕರೆದಳು.

"ಅಳಿಯಾ, ನನ್ನ ನಗಾರಿ ಎಲ್ಲಿ?"

"ಬೆಟ್ಟದ ಮೇಲಿದೆ ಅತ್ತೆ."

"ಬೆಟ್ಟ ಸಾಯ್ತಾ ಇದ್ಯಾ? ಸಾಯ್ತಾ ಇರೋಳು ನಾನು."

ಕೋಟೆಯ ಅಪ್ಪಣೆಯನ್ನು ಅವನು ವಿವರಿಸಲು ನೋಡಿದ. ನಗಾರಿ ಬೆಟ್ಟ ಬಿಟ್ಟು ಕದಲಕೂಡದು, ಶತ್ರು ಕಂಡಾಗಲ್ಲದೆ ಬಾರಿಸಕೂಡದು. ಅವ್ವ ಕಣ್ಣು ಮುಚ್ಚಿಕೊಂಡು ಕೇಳಿಸಿಕೊಂಡಳು. ಊರಿನ ಬಿಸಿ ನಗಾರಿಯೂ ಕೋಟೆಯಲ್ಲಿದೆ, ಜಾಗಟೆ ಬಾರಿಸಿದರೆ ಆಗದಾ ಅವ್ವಾ ಎಂದು ನಾನು ಮಧ್ಯೆ ಬಾಯಿ ಹಾಕಿದೆ. ಜಾಗಟೆಯ ಹಿಂದೆ ನಾಯಿ ಕೂಡ ಹೋಗುವುದಿಲ್ಲ, ನಾನು ದಾರಿ ತಪ್ಪಿ ತಿರುಗಿ ನಿನ್ನ ಒಲೆಯ ಮುಂದೆಯೇ ಬಂದು ಕೂತುಕೊಳ್ಳುತ್ತೇನೆ, ಆಗ ಅಳಬೇಡ ಎಂದಳು. ಆಮೇಲೆ ಅವನ ಮಣಿಕಟ್ಟು ಹಿಡಿದು, "ನಿನ್ನನ್ನ ಯಾರೂ ಕೈ ಹಿಡಿದು ನಡೆಸಲಿಲ್ಲ ಕಣೋ. ನಾನು ನಡೆಸಿದೆ. ಈಗ ನನ್ನ ಸರದಿ" ಎಂದಳು. ಅದಾದ ಮೇಲೆ ಅವಳು ಸರಿಯಾಗಿ ಮಾತಾಡಲೇ ಇಲ್ಲ.

ಅವಳು ಸತ್ತ ದಿನ ಕು ತಾ ಅಳಲಿಲ್ಲ. ನೇರವಾಗಿ ಬೆಟ್ಟ ಹತ್ತಿ ನಾಯ್ ಸೋನ್‌ನ ಮುಂದೆ ಕೂತು ವಿಷಯ ಹೇಳಿದ. ನಾಯ್ ಸೋನ್ ಮೊದಲು ಆಗದು ಎಂದು ತಲೆ ಆಡಿಸಿದನಂತೆ, ಕೋಟೆಗೆ ಗೊತ್ತಾದರೆ ಇಬ್ಬರ ಬೆನ್ನಿನ ತೊಗಲೂ ಉಳಿಯುವುದಿಲ್ಲ ಎಂದನಂತೆ. ಕೊನೆಗೆ, ಮುದುಕಿ ನನಗೂ ಅನ್ನ ಹಾಕಿದ್ದಾಳೆ, ಬರ್ಮಾದವರು ಕೊಯ್ಲು ಮುಗಿಯದೆ ಬರುವುದಿಲ್ಲ, ತಗೊಂಡು ಹೋಗಿ ಬೇಗ ತಾ ಎಂದ. ನಗಾರಿಯನ್ನು ಕೋಲಿಗೆ ಕಟ್ಟಿ ಇಳಿಸಿದರು. ಅದರ ಬಾಯಿಗೆ ಎಮ್ಮೆಯ ತೊಗಲು ಕಟ್ಟಿ, ಊರ ಕೆಳಗಿನ ತಗ್ಗಿನಲ್ಲಿ, ಸದ್ದು ಬೆಟ್ಟ ದಾಟದಂತೆ ಮೆಲ್ಲನೆ ಬಾರಿಸಿದರು. ಅವ್ವ ಹೋದಳು. ಚೆನ್ನಾಗಿ ಹೋದಳು. ಒಲೆಯ ಮುಂದೆ ಬಂದು ಕೂರಲಿಲ್ಲ.

ನಮ್ಮಲ್ಲಿ ಸಾವಿನ ಮನೆಯಲ್ಲಿ ಹರೆಯದವರು ಹೆಣದ ಸುತ್ತ ಹಾಡುತ್ತ ತಿರುಗುತ್ತಾರೆ. ಹುಡುಗರು ಒಂದು ಸಾಲು ಹಾಡಿದರೆ ಹುಡುಗಿಯರು ಅದಕ್ಕೆ ಉತ್ತರ ಕೊಡಬೇಕು. ಮುದುಕರು ಸಾಯುವುದೇ ಎಳೆಯರಿಗೆ ಜೊತೆ ಸಿಗಲಿ ಎಂದು, ಹಾಗೆ ಅವ್ವನೇ ಹೇಳುತ್ತಿದ್ದಳು. ನನ್ನ ಮಗಳು ಪೊ ಲಾಗೆ ಆಗ ತುಂಬು ಪ್ರಾಯ, ಒಬ್ಬಳೇ ಮಗಳು. ನದಿಯ ಕೆಳಗಿನ ನೋಪಲಾ ಊರಿನಲ್ಲಿ ಹೆಂಡತಿಯ ಮನೆ ಸೇರಿದ್ದ ನನ್ನ ಅಣ್ಣ ಗೆ ಡೊ, ಅವ್ವನ ಮಣ್ಣಿಗೆಂದು ಬಂದಾಗ ಜೊತೆಗೆ ಒಬ್ಬ ಹುಡುಗನನ್ನೂ ಕರೆತಂದಿದ್ದ. ಆ ಹುಡುಗ ಹಾಡಿದ, ಇವಳು ಉತ್ತರ ಕೊಟ್ಟಳು. ಅವನ ಮೂಗಿನ ಮೇಲೆ, ಅವನೂರಿನ ಸೊಳ್ಳೆಗಳ ಮೇಲೆ, ಅವನ ಮೋಟು ಕತ್ತಿಯ ಮೇಲೆ ಏನೇನೋ ಕಟ್ಟಿ ಹಾಡಿದಳು. ಅವನು ಸೋತು ನಗುತ್ತ ನಿಂತ. ಅಜ್ಜಿಯ ನಾಲಿಗೆಯೇ ಇವಳಿಗೆ ಬಂದಿದೆ ಎಂದು ಊರೆಲ್ಲ ಅಂದಿತು.

ಎಲ್ಲ ಮುಗಿದ ಮೇಲೆ ಅಣ್ಣ, ನಮ್ಮೂರಲ್ಲಿ ಭತ್ತ ಬಡಿಯಲು ಕೈ ಸಾಲದು, ಪೊ ಲಾಳನ್ನು ಕಳಿಸು ಎಂದ. ಬಡಿಯುವ ಭತ್ತ ಯಾವುದೆಂದು ನಮಗೆಲ್ಲ ಗೊತ್ತಿತ್ತು. ಅವಳಪ್ಪ ನಕ್ಕು, ಹೋಗಿ ಬಾ ಎಂದ. ಹೊರಡುವಾಗ ಅವಳು ಅಪ್ಪನ ತಲೆಯ ಬಟ್ಟೆ ಕಿತ್ತುಕೊಂಡು ತನ್ನ ತಲೆಗೆ ಸುತ್ತಿಕೊಂಡು ಓಡಿದಳು. ನನಗೆ ಒಂದು ಮಾತನ್ನೂ ಹೇಳಲಿಲ್ಲ, ಹೇಳದೆ ಹೋದರೆ ಬೇಗ ಬರುತ್ತಾರೆ ಅಂತ ನಮ್ಮ ಕಡೆಯ ನಂಬಿಕೆ.

ನಗಾರಿ ಮತ್ತೆ ಬೆಟ್ಟ ಸೇರಿತು. ಈಗ ಅದು ಬಿಸಿ. ಮುಂದಿನ ಮಳೆಗಾಲ ಇನ್ನೂ ಎಲ್ಲಿಯೋ. ಕು ತಾ ಕೋಟೆಗೆ ನಡೆದು ಹೋಗಿ ಬೇರೆ ನಗಾರಿ ಕೊಡಿ ಎಂದು ಕೇಳಿದ. ಬೆಟ್ಟದಿಂದ ಇಳಿಸಿದ್ದನ್ನು ಹೇಳಲಿಲ್ಲ. ಸಾವಿನ ಮನೆಯ ಸೂತಕ ತಗುಲಿದೆ ಎಂದಷ್ಟೇ ಹೇಳಿದ. ಖುನ್ ರಾತ್ ಅಡಿಕೆ ಜಗಿಯುತ್ತ ಕೇಳಿದ, ಒಡೆದಿದೆಯಾ? ಇಲ್ಲ. ಸದ್ದು ಬರುತ್ತದಾ? ಬರುತ್ತದೆ. ಹಾಗಾದರೆ ಬಾರಿಸು, ಅದು ತಣ್ಣಗಾಗಲಿ ಅಂತ ಬರ್ಮಾದವರು ಕಾಯುತ್ತಾರಾ ಎಂದು ಎದ್ದು ಹೋದ. ಕೋಣನ ಮುಂದೆ ಕಿನ್ನರಿ ಬಾರಿಸಿ ಬಂದ ಹಾಗಾಯಿತು.

ಕು ತಾ ಕೈಕಟ್ಟಿ ಕೂರಲಿಲ್ಲ. ಅದನ್ನು ಯಾರೂ ಹೇಳುವುದಿಲ್ಲ, ಅದಕ್ಕೇ ನಾನು ಹೇಳುತ್ತಿದ್ದೇನೆ. ಬೆಟ್ಟದ ನೆತ್ತಿಯಲ್ಲಿ ಒಣಸೌದೆಯ ರಾಶಿ ಹಾಕಿದ, ಮೇಲೆ ಹಸಿಸೊಪ್ಪು ಪೇರಿಸಿ ಇಟ್ಟ. ನೋಪಲಾಗೆ ಹೇಳಿ ಕಳಿಸಿದ, ನಗಾರಿ ಬಿಸಿಯಾಗಿದೆ, ಬಾರಿಸಲಾರೆ, ಬೆಟ್ಟದ ಮೇಲೆ ಹೊಗೆ ಎದ್ದರೆ ಕಾಡಿಗೆ ಓಡಿ, ನೀವೂ ನಿಮ್ಮ ನಗಾರಿ ಬಾರಿಸಿ ಕೋಟೆಗೆ ತಿಳಿಸಿ. ನೋಪಲಾದವರು ಸರಿ ಎಂದರು. ಬಿಸಿ ನಗಾರಿಯನ್ನು ಬಾರಿಸಬೇಡ ಎಂದು ಅವರೇ ಮತ್ತೆ ಹೇಳಿ ಕಳಿಸಿದರು.

ಬರ್ಮಾದವರು ಬಂದರು, ಕೊಯ್ಲು ಇನ್ನೂ ನಡೆಯುತ್ತಿರುವಾಗಲೇ. ಆ ಬೆಳಗ್ಗೆ ಬೆಟ್ಟದ ಮೇಲೆ ನಡೆದದ್ದನ್ನು ನನಗೆ ಹೇಳಿದವನು ನಾಯ್ ಸೋನ್. ಮಂಜು ಬಿದ್ದಿತ್ತು. ಚಳಿಗಾಲದ ಮಂಜು ನಮ್ಮ ಕಣಿವೆಗಳಲ್ಲಿ ಗಂಜಿಯ ಹಾಗೆ ತುಂಬಿಕೊಳ್ಳುತ್ತದೆ, ಹೊತ್ತು ಏರುವವರೆಗೆ ಕದಲುವುದಿಲ್ಲ. ಮೊದಲು ಆನೆಯ ಗಂಟೆಯ ಸದ್ದು ಕೇಳಿತಂತೆ, ಆಮೇಲೆ ಕೆಮ್ಮು, ಆಮೇಲೆ ಕಣಿವೆಯ ದಾರಿಯಲ್ಲಿ ಮಂಜು ಒಂದು ಕಡೆ ಹರಿದಾಗ ಈಟಿಗಳು. ಕು ತಾ ಸೌದೆಗೆ ಬೆಂಕಿ ಇಟ್ಟ. ಹೊಗೆ ಎದ್ದಿತು, ಆಳೆತ್ತರ ಏರುವುದರೊಳಗೆ ಮಂಜಿನಲ್ಲಿ ಕಲಸಿಹೋಯಿತು. ಹತ್ತಿರ ನಿಂತವನಿಗೇ ಯಾವುದು ಹೊಗೆ ಯಾವುದು ಮಂಜು ತಿಳಿಯುವಂತಿರಲಿಲ್ಲ. ಇನ್ನಷ್ಟು ಸೊಪ್ಪು ಹಾಕಿದ. ತನ್ನ ಹೊದಿಕೆಯನ್ನೂ ಹಾಕಿದ. ಉಪಯೋಗವಾಗಲಿಲ್ಲ.

ನಾಯ್ ಸೋನ್ ನಗಾರಿಯ ಬಡಿಗೆ ಎತ್ತಿಕೊಂಡ. ಕು ತಾ ಅವನ ಕೈ ಹಿಡಿದ.

"ನಿಮ್ಮ ದೆವ್ವ ನಿಮಗೆ. ನನಗೆ ಅದು ಕಚ್ಚಲ್ಲ, ಬಿಡು ನನ್ನ ಕೈ."

"ಬಾರಿಸೋನಿಗಲ್ಲ ಕಣೋ ಅದು. ಕೇಳೋರಿಗೆ. ಕೆಳಗಡೆ ನನ್ನ ಮಗಳಿದ್ದಾಳೆ."

"ಅದಕ್ಕೇ ಬಾರಿಸು ಅಂತಿರೋದು!"

ಕು ತಾ ಬಡಿಗೆ ಕಿತ್ತುಕೊಂಡು ಪ್ರಪಾತಕ್ಕೆ ಎಸೆದ. ಎಸೆದವನೇ ಓಡಿದ. ನಾಯ್ ಸೋನ್ ಹೇಳಿದ, ಅಮ್ಮಾ, ನಾನು ಎಷ್ಟೋ ಜನ ಶತ್ರುವನ್ನು ಕಂಡು ಓಡುವುದನ್ನು ನೋಡಿದ್ದೇನೆ, ಶತ್ರುವಿಗಿಂತ ಮುಂದೆ ಹೋಗಲು ಹಾಗೆ ಓಡುವವನನ್ನು ನೋಡಿರಲಿಲ್ಲ. ಆಮೇಲೆ ಅವನೂ ಸುಮ್ಮನಿರಲಿಲ್ಲ, ಕಲ್ಲಿನಿಂದ ನಗಾರಿಯನ್ನು ಬಡಿದ. ಕಲ್ಲಿಗೆ ಕಂಚು ಕಿಣಿಕಿಣಿ ಅಂದಿತೇ ಹೊರತು ಕೂಗಲಿಲ್ಲ; ಬಟ್ಟೆ ಸುತ್ತಿದ ದಪ್ಪ ಬಡಿಗೆಯಿಲ್ಲದೆ ಅದರ ಸದ್ದು ಬೆಟ್ಟ ದಾಟುವುದಿಲ್ಲ.

ನಮ್ಮ ತೀಖೋ ಊರು ದಾರಿಯಿಂದ ಒಳಗಿತ್ತು, ಶತ್ರುಗಳು ನಮ್ಮ ಕಡೆ ತಿರುಗಿಯೂ ನೋಡಲಿಲ್ಲ. ಅವರು ನದಿಯ ದಾರಿ ಹಿಡಿದು ಸೀದಾ ಇಳಿದರು. ಕು ತಾ ಬೆಟ್ಟದ ಏಣಿನ ಮೇಲೆ, ಕಾಲುದಾರಿಯೂ ಇಲ್ಲದ ಕಡೆ, ಬಿದಿರು ಮುಳ್ಳುಗಳ ನಡುವೆ ಓಡಿದ. ದಾರಿ ಹತ್ತಿರದ್ದು, ನಡೆಯುವವನಿಗೆ. ಮಂಜಿನಲ್ಲಿ ಓಡುವವನಿಗೆ ಅಲ್ಲ. ಒಂದು ಕಡೆ ಜಾರಿ ಬಿದ್ದು ಮೊಣಕಾಲು ತಿರುಚಿಕೊಂಡ. ಅಲ್ಲಿಂದ ಮುಂದೆ ಕೋಲೂರಿ ಹೋದ.

ನೋಪಲಾ ತಲುಪಿದಾಗ ಊರು ಖಾಲಿ. ಕಣದಲ್ಲಿ ಅರ್ಧ ತೂರಿದ ಭತ್ತದ ರಾಶಿ ಹಾಗೇ ಇತ್ತು. ಒಂದೆರಡು ಮನೆ ಹೊತ್ತಿ ಉರಿಯುತ್ತಿದ್ದವು. ಬರ್ಮಾದವರಿಗೆ ಭತ್ತಕ್ಕಿಂತ ಜನ ಬೇಕು; ಕೈಗಳನ್ನು ಕಟ್ಟಿ ಒಂದೇ ಹಗ್ಗಕ್ಕೆ ಪೋಣಿಸಿ ಅವರ ಕಡೆಗೆ ನಡೆಸಿಕೊಂಡು ಹೋಗಿ, ಅಲ್ಲಿ ಹೊಲದ ಉಳುಮೆ ಮಾಡಿಸುತ್ತಾರೆ, ನೇಯಿಸುತ್ತಾರೆ. ಒಂದು ದಳ ಎಲ್ಲರನ್ನೂ ಬೇರೆ ಕಣಿವೆಯ ಮೂಲಕ ಹಿಂದಕ್ಕೆ ಕರೆದೊಯ್ದಿತ್ತು. ಕಾಡಿನಲ್ಲಿ ಬಿದಿರು ಕಡಿಯಲು ಹೋಗಿದ್ದ ಕೆಲವರು ಮಾತ್ರ ಉಳಿದಿದ್ದರು. ಕು ತಾ ಸೆರೆ ಹೋದವರ ಹಿಂದೆ ಕುಂಟುತ್ತ ನದಿಯವರೆಗೆ ಹೋದ, ನದಿಯಿಂದಾಚೆ ಕಾಲು ಹೆಜ್ಜೆ ಎತ್ತಲಿಲ್ಲ. ಆ ಕಾಲನ್ನು ಅವನು ಆಮೇಲೆ ಎಂದೂ ಕ್ಷಮಿಸಲಿಲ್ಲ.

ಕೋಟೆ ಉಳಿಯಿತು. ಸುಟ್ಟ ಮನೆಗಳ ಹೊಗೆ ಮಂಜು ಕರಗಿದ ಮೇಲೆ ಕಂಡಿತು, ಖುನ್ ರಾತ್ ಬಾಗಿಲು ಹಾಕಿಸಿದ. ಆಮೇಲೆ ಕು ತಾನನ್ನು ಹಿಡಿದು ತರಿಸಿ, ಯಾಕೆ ಬಾರಿಸಲಿಲ್ಲ ಎಂದು ಕೇಳಿದ. ಬಿಸಿ ಇತ್ತು ಎಂದ ಇವನು. ಬೆತ್ತದಿಂದ ಹೊಡೆಸಿದ. ಮನೆಗೆ ಬಂದ ಗಂಡನ ಬೆನ್ನಿಗೆ ನಾನು ಅರಿಸಿನ ಹಚ್ಚುವಾಗ ಅವನು ಹೇಳಿದ್ದು ಒಂದೇ ಮಾತು: "ಅವನಿಗೆ ಏನಕ್ಕೆ ಹೊಡೀತಿದೀನಿ ಅಂತಾನೇ ಗೊತ್ತಿಲ್ಲ ಕಣೇ." ಅಷ್ಟು ಏಟು ತಿಂದೂ ಅವನಿಗೆ ಶಿಕ್ಷೆಯಾದಂತೆ ಅನ್ನಿಸಿರಲಿಲ್ಲ.

ನಮ್ಮವರು ಯಾರೂ ಅವನನ್ನು ಬೈಯಲಿಲ್ಲ. ಅದೇ ನೋಡಿ ಸಂಕಟ. ನೋಪಲಾದಲ್ಲಿ ಉಳಿದ ಒಬ್ಬ ಮುದುಕ, ಮಕ್ಕಳು ಅಳಿಯ ಎಲ್ಲರನ್ನೂ ಕಳೆದುಕೊಂಡವನು, ನಮ್ಮ ಮನೆಗೆ ಬಂದು, ಜೀವ ಗಟ್ಟಿಯಾಗಿ ನಿಲ್ಲಲಿ ಎಂದು ಕು ತಾನ ಮಣಿಕಟ್ಟಿಗೆ ಬಿಳಿ ದಾರ ಕಟ್ಟಿದ. ನೀನು ಮಾಡಿದ್ದು ಸರಿ ಮಗಾ, ಹೆಣದ ನಗಾರಿ ಕೇಳಿದ್ದರೆ ಎಲ್ಲರೂ ಸಾಯುತ್ತಿದ್ದರು, ಸೆರೆ ಹೋದವರು ಎಂದಾದರೂ ಬಂದಾರು ಎಂದ. ಬಂದವರೆಲ್ಲ ಹೀಗೇ ಹೇಳಿದರು. ಹೆಂಡ ತಂದುಕೊಟ್ಟರು, ಕೋಳಿ ತಂದುಕೊಟ್ಟರು. ಇವನು ಏನೋ ಹೇಳಲು ಬಾಯಿ ತೆರೆಯುವನು, ಅವರು ಬಿಸಿ ಇತ್ತಲ್ಲ ಬಿಡು ಎನ್ನುವರು, ಇವನ ಬಾಯಿ ಮುಚ್ಚುವುದು.

ನನಗೂ ನಂಬಿಕೆ ಇತ್ತು. ಈಗಲೂ ಇದೆ. ನಾನೇ ಬೆಟ್ಟದ ಮೇಲಿದ್ದರೂ ಬಡಿಗೆಯನ್ನು ಎಸೆಯುತ್ತಿದ್ದೆನೋ ಏನೋ. ಆದರೆ ಹೊಟ್ಟೆ ಉರಿಯುತ್ತಿತ್ತು, ಯಾರ ಮೇಲೆ ಕಾರುವುದು? ಅವ್ವ ಸತ್ತಿದ್ದಾಳೆ. ನಗಾರಿಗೆ ಕಿವಿಯಿಲ್ಲ. ಖುನ್ ರಾತ್ ಕುದುರೆಯ ಮೇಲಿದ್ದಾನೆ. ಹಂದಿಗೆ ಬೈದೆ, ಒಲೆಗೆ ಬೈದೆ, ಬಂದವರ ಎದುರು ಪಾತ್ರೆ ಕುಕ್ಕಿದೆ. ಇವನು ಜಗಲಿಯಲ್ಲಿ ಕೂತು ನದಿಯ ದಿಕ್ಕನ್ನೇ ನೋಡುತ್ತಿದ್ದ. ಊಟಕ್ಕೆ ಕರೆದರೆ ಬರುವನು, ನಾಲ್ಕು ತುತ್ತು ತಿಂದು ಏಳುವನು. ಮೈ ಸೊರಗಿ ಸೊರಗಿ ಕೊನೆಗೆ ಅವನ ಬಟ್ಟೆಯೇ ಅವನಿಗಿಂತ ಭಾರವಾಗಿ ಕಾಣುತ್ತಿತ್ತು. ಮಳೆಗಾಲಗಳು ಬಂದು ಹೋದವು, ನಗಾರಿ ಯಾವಾಗಲೋ ತಣ್ಣಗಾಯಿತು. ಕೋಟೆಯವರು ಬೇರೆ ಯಾರನ್ನೋ ಕಾಯಲು ಹಾಕಿದರು.

ಯುದ್ಧದ ಕಾವು ಇಳಿದ ಮೇಲೆ ಒಂದು ವರ್ಷ, ಭತ್ತ ನೆಡುವ ಕಾಲದಲ್ಲಿ, ನನ್ನ ಅತ್ತಿಗೆ ಎ ಸೇ ಬಂದಳು. ಅಣ್ಣನ ಹೆಂಡತಿ. ತಲೆ ಪೂರ್ತಿ ಬೆಳ್ಳಗಾಗಿತ್ತು, ಮಣಿಕಟ್ಟಿನಲ್ಲಿ ಹಗ್ಗದ ಗುರುತು. ಅಲ್ಲಿಂದ ತಪ್ಪಿಸಿಕೊಂಡು ಉಪ್ಪಿನ ವ್ಯಾಪಾರಿಗಳ ಜೊತೆ ಬಂದಿದ್ದಳು. ಅಣ್ಣ ದಾರಿಯಲ್ಲೇ ತೀರಿಹೋದ ಎಂದಳು. ನಾನು ಪೊ ಲಾ ಎಂದು ಕೇಳುವ ಧೈರ್ಯ ಮಾಡುವ ಮೊದಲೇ ಅವಳೇ ಹೇಳಿದಳು: ದೊಡ್ಡ ನದಿ ದಾಟುವಾಗ ನಮ್ಮನ್ನು ಬೇರೆ ಬೇರೆ ದೋಣಿಗೆ ಹತ್ತಿಸಿದರು, ಪೊ ಲಾ ಇನ್ನೊಂದು ದೋಣಿಯಲ್ಲಿ ಹೋದಳು, ಆಮೇಲೆ ಕಾಣಲಿಲ್ಲ. ನಾನು ಊರೂರಲ್ಲಿ ಕೇಳಿದೆ, ಯಾರಿಗೂ ಗೊತ್ತಿಲ್ಲ. ಇದ್ದಾಳೆ ಅಂತಲೂ ಇಲ್ಲ, ಇಲ್ಲ ಅಂತಲೂ ಇಲ್ಲ.

ಕು ತಾ ಜಗಲಿಯಿಂದ ಒಳಗೆ ಬಂದು ಅವಳ ಮುಂದೆ ಕೂತಿದ್ದ. ನಾನು ಅನ್ನ ಬಡಿಸಿ, ಬಿದಿರು ಕಳಲೆಯ ಸಾರು ಹಾಕಿದೆ. ಅತ್ತಿಗೆ ಉಣ್ಣುತ್ತ ಉಣ್ಣುತ್ತ ಆ ಬೆಳಗಿನ ಮಾತು ತೆಗೆದಳು. ಕೆಟ್ಟ ಮನಸ್ಸಿನಿಂದಲ್ಲ, ಪಾಪ. ಮಗಳ ಒಂದೊಂದು ಮಾತನ್ನೂ ನಮಗೆ ಜೋಪಾನವಾಗಿ ತಂದುಕೊಟ್ಟರೆ ನಮಗೆ ಸಂತೋಷವಾಗುತ್ತದೆಂದು ಅವಳ ಎಣಿಕೆ.

ಕಣದಲ್ಲಿ ಭತ್ತ ಬಡಿಯುತ್ತಿದ್ದೆವು ಎಂದಳು. ಮೇಲಿನ ಕಡೆ ನಾಯಿಗಳು ಬೊಗಳಿದವು, ಹಕ್ಕಿಗಳು ಎದ್ದವು. ನಿಮ್ಮಣ್ಣನಿಗೆ ಅನುಮಾನ ಬಂತು, ಎಲ್ಲರೂ ಕಾಡಿಗೆ ಹೋಗೋಣ ಎಂದರು. ಬಡಿಗೆಗಳನ್ನು ಕೆಳಗಿಟ್ಟೆವು. ಬೆಟ್ಟದ ಕಡೆ ನೋಡಿದರೆ ಮಂಜು, ಹೊಗೆ ಕಾಣುವ ಹಾಗಿಲ್ಲ.

"ಆಗ ಪೊ ಲಾ ಅಂದ್ಲು, ಹೊಗೆ ಕಾಣದೆ ಇದ್ರೆ ಏನಾಯ್ತು, ನಮ್ಮಪ್ಪ ನಗಾರಿ ಬಾರಿಸ್ತಾನೆ ಅಂತ. ಅದು ಬಿಸಿ ಅಲ್ವೇ, ಹೇಗೆ ಬಾರಿಸ್ತಾನೆ ಅಂದ್ವಿ. ಅದಕ್ಕೆ ನಕ್ಕುಬಿಟ್ಲು. ಬಿಸಿ ಆದ್ರೂ ಬಾರಿಸ್ತಾನೆ, ನಾನಿಲ್ಲಿದ್ದೀನಿ ಅಂತ ಅವನಿಗೆ ಗೊತ್ತಲ್ವಾ, ನೀವು ನಿಮ್ಮ ಭತ್ತ ಬಡೀರಿ ಅಂದ್ಲು. ಅವಳು ಅಷ್ಟು ಗಟ್ಟಿಯಾಗಿ ಹೇಳಿದ್ಮೇಲೆ ನಾವೂ ಬಡಿಯೋಕೆ ಶುರು ಮಾಡಿದ್ವಿ."

ಕು ತಾನ ಕೈ ತಟ್ಟೆಯಲ್ಲೇ ಇತ್ತು. ಆಮೇಲೆ ಏನಂದಳು ಎಂದು ಕೇಳಿದ. ಆಮೇಲೆ ಏನೂ ಅನ್ನಲಿಲ್ಲ, ಹಗ್ಗ ಕಟ್ಟಿದ ಮೇಲೂ ಬೆಟ್ಟದ ಕಡೆಗೇ ಕಿವಿ ಕೊಟ್ಟುಕೊಂಡು ನಡೆಯುತ್ತಿದ್ದಳು ಎಂದಳು ಅತ್ತಿಗೆ.

ಕು ತಾ ಅತ್ತಿಗೆಯನ್ನು ಬಿಟ್ಟು ನನ್ನ ಮುಖ ನೋಡಿದ. ಎಷ್ಟು ವರ್ಷವಾಗಿತ್ತು ಅವನು ನನ್ನನ್ನು ಹಾಗೆ ನೇರವಾಗಿ ನೋಡಿ.

"ಬಾರಿಸ್ಬೇಕಿತ್ತು ಅಲ್ವೇನೇ?"

ಅತ್ತಿಗೆ ಕೂಡಲೇ, "ಬಿಸಿ ಇತ್ತಲ್ಲ ಅಣ್ಣಾ, ನೀನಾದ್ರೂ ಏನು ಮಾಡ್ತಿದ್ದೆ..." ಎಂದು ಶುರುಮಾಡಿದಳು. ನಾನು ಕೈ ಎತ್ತಿ ಅವಳನ್ನು ತಡೆದೆ. ಇದೇ ಮಾತು ಹೇಳಿ ಹೇಳಿ ಊರೆಲ್ಲ ಸೇರಿ ಈ ಮನುಷ್ಯನ ಬಾಯಿಗೆ ಬಟ್ಟೆ ತುರುಕಿತ್ತು. ತಪ್ಪು ಮಾಡಿದೆ ಎಂದು ಹೇಳಿಕೊಳ್ಳುವುದಕ್ಕೂ ಅವನಿಗೆ ಜಾಗ ಕೊಟ್ಟಿರಲಿಲ್ಲ.

"ಹೌದು," ಅಂದೆ. "ಬಾರಿಸ್ಬೇಕಿತ್ತು ನೀನು. ನನ್ನ ಮಗಳು ಕಾಯ್ತಾ ಇದ್ಲು."

ನಾನು ಹೇಳಿದ್ದು ನಿಜವೋ ಸುಳ್ಳೋ ನನಗೆ ಇವತ್ತಿಗೂ ಗೊತ್ತಿಲ್ಲ. ಬಾರಿಸಿದ್ದರೆ ಎಲ್ಲರೂ ಉಳಿಯುತ್ತಿದ್ದರೋ, ಎಲ್ಲರೂ ಸಾಯುತ್ತಿದ್ದರೋ, ಯಾರು ಬಲ್ಲರು. ಆದರೆ ಆ ಮಾತು ನನ್ನ ಬಾಯಿಂದ ಬಂದಾಗ ಅವನ ಮೈಯೆಲ್ಲ ಸಡಿಲವಾಯಿತು. "ತಪ್ಪಾಯ್ತು ಕಣೇ," ಎಂದ. "ತಪ್ಪಾಯ್ತು. ಮಗಳಿಗೆ ತಪ್ಪು ಮಾಡ್ಬಿಟ್ಟೆ." ಅವ್ವ ಸತ್ತಾಗ ಅಳದವನು, ಬೆತ್ತದ ಏಟಿಗೆ ಅಳದವನು, ಎಂಜಲು ಕೈಯಿಂದಲೇ ಮುಖ ಮುಚ್ಚಿಕೊಂಡು ಅತ್ತ. ಬಿಡು ಎಂದು ನಾನು ಹೇಳಲಿಲ್ಲ. ಹತ್ತಿರ ಹೋಗಿ ಅವನಿಗೆ ಒರಗಿ ಕೂತು ನಾನೂ ಅತ್ತೆ. ಅತ್ತಿಗೆ ಏನೂ ತಿಳಿಯದೆ ನಮ್ಮಿಬ್ಬರನ್ನೂ ನೋಡುತ್ತ ಕೂತಳು.

ತುಂಬ ಹೊತ್ತಾದ ಮೇಲೆ ಅವನು ಮುಖ ಒರೆಸಿಕೊಂಡ. ತಟ್ಟೆಯಲ್ಲಿದ್ದ ಅನ್ನ ತಣ್ಣಗಾಗಿತ್ತು. ಬೇರೆ ಬಡಿಸುತ್ತೇನೆ ಎಂದರೂ ಕೇಳದೆ ಅದನ್ನೇ ಪೂರ್ತಿ ಉಂಡ, ಆಮೇಲೆ ಇನ್ನೂ ಸ್ವಲ್ಪ ಹಾಕು ಎಂದ.